ಇಸಿಲದ ಹಳ್ಳದ ದಂಡೆಯಲ್ಲಿ

ಮೊಳಕಾಲ್ಮುರಿಗೆ ಜನ ಹೋಗುವುದು ಹೆಚ್ಚಾಗಿ ರೇಷ್ಮೆ ಸೀರೆಗೆ. ನಾನು ಮತ್ತು ನನ್ನ ಸೋದರಮಾವ ಹೋಗಿದ್ದು ಒಂದು ಹಳ್ಳ ನೋಡಲು. ವೇದಾವತಿಯ ಉಪನದಿ ಅದು, ಹೆಸರು ಚಿನ್ನ ಹಗರಿ.

ಚಿತ್ರದುರ್ಗದಿಂದ ಚಳ್ಳಕೆರೆ ದಾಟಿದ ಮೇಲೆ ನೆಲದ ಚಹರೆಯೇ ಬೇರೆ. ಎತ್ತ ನೋಡಿದರೂ ಶೇಂಗಾ ಹೊಲ, ನಡುನಡುವೆ ಗುಂಡುಕಲ್ಲಿನ ಗುಡ್ಡ. ಮಳೆ ಇಲ್ಲಿ ಕಡಿಮೆ. ಬ್ರಹ್ಮಗಿರಿ ಗುಡ್ಡದ ಬುಡದಲ್ಲಿ ನಾವು ನೋಡಿದಾಗ ಹಳ್ಳದ ತುಂಬ ಮರಳೇ ಇತ್ತು. ಒಬ್ಬ ಅಜ್ಜ ಅದರಲ್ಲಿ ಗುಂಡಿ ತೋಡಿ ಕೂತಿದ್ದರು. ಮೊದಲು ಕೆಸರು ನೀರು ಬಂತು. ಅದನ್ನು ಬೊಗಸೆಯಲ್ಲಿ ಎತ್ತಿ ಚೆಲ್ಲಿದರು. ಸ್ವಲ್ಪ ಹೊತ್ತಿಗೆ ತಿಳಿನೀರು ಜಿನುಗಿ ಗುಂಡಿ ಅರ್ಧ ತುಂಬಿತು. ಕುರಿಗಳು ಒಂದೊಂದಾಗಿ ಬಂದು ಕುಡಿದವು.

"ಅಜ್ಜಾ, ಬೇಸಿಗೆಯಲ್ಲೂ ಬರುತ್ತಾ ನೀರು?" ಅಂತ ಕೇಳಿದೆ.

"ಬರ್ತದಪ್ಪ. ಇನ್ನೊಂದ್ ಮೊಳ ಆಳ ತೋಡ್ಬೇಕು, ಅಷ್ಟೇ."

ಈ ಊರಿನ ಇತಿಹಾಸ ಶುರುವಾಗುವುದು ಈ ಒರತೆಯಿಂದ ಅಂತ ನನಗೆ ಗಟ್ಟಿಯಾಗಿ ಅನಿಸುತ್ತದೆ. ಪಠ್ಯಪುಸ್ತಕದಲ್ಲಿ ಬ್ರಹ್ಮಗಿರಿ ಅಂದರೆ ಅಶೋಕನ ಶಾಸನ. ಆದರೆ ಅಶೋಕನಿಗಿಂತ ಸಾವಿರ ವರ್ಷಕ್ಕೂ ಮೊದಲೇ ಇಲ್ಲಿ ಜನ ಮನೆ ಕಟ್ಟಿಕೊಂಡು ಬದುಕುತ್ತಿದ್ದರು. ಮೈಸೂರಿನ ಪುರಾತತ್ವಜ್ಞ ಎಂ.ಎಚ್. ಕೃಷ್ಣ ಅವರು ಇಲ್ಲಿ ಮೊದಲು ಅಗೆಸಿದರು. ಆಮೇಲೆ 1947ರಲ್ಲಿ ಬ್ರಿಟಿಷ್ ಪುರಾತತ್ವಜ್ಞ ಮಾರ್ಟಿಮರ್ ವೀಲರ್ ಬಂದರು. ಗುಡ್ಡದ ಇಳಿಜಾರಿನ ಮಣ್ಣಿನಲ್ಲಿ ಅವರಿಗೆ ಮೂರು ಕಾಲದ ಬದುಕು ಒಂದರ ಮೇಲೊಂದು ಸಿಕ್ಕಿತು. ತಳದಲ್ಲಿ ನುಣುಪು ಮಾಡಿದ ಕಲ್ಲುಕೊಡಲಿಯವರು. ಅವರು ಎಳೆಗೂಸು ತೀರಿಕೊಂಡರೆ ಮಡಕೆಯಲ್ಲಿಟ್ಟು ಮನೆಗಳ ನಡುವೆಯೇ ಹೂಳುತ್ತಿದ್ದರು. ಇದನ್ನು ಓದಿದ್ದೆ. ಆ ಇಳಿಜಾರಿನಲ್ಲೇ ನಿಂತಾಗ ಹೊಟ್ಟೆಯಲ್ಲಿ ಸಂಕಟವಾಯಿತು.

ಅವರ ಮೇಲಿನ ಪದರ ಕಬ್ಬಿಣ ಬಳಸುತ್ತಿದ್ದವರದು. ಸತ್ತವರಿಗಾಗಿ ಅವರು ಕಟ್ಟಿದ ಕಲ್ಲಿನ ಕೋಣೆಗಳು ಗುಡ್ಡದ ಸುತ್ತ ನೂರಾರು ಇದ್ದವು. ನಾಲ್ಕು ಚಪ್ಪಡಿ ನಿಲ್ಲಿಸಿ, ಮೇಲೊಂದು ಮುಚ್ಚಿ, ಸುತ್ತ ಗುಂಡುಕಲ್ಲು ಇಟ್ಟಿದ್ದಾರೆ. ಪೂರ್ವದ ಚಪ್ಪಡಿಯಲ್ಲಿ ದುಂಡಗಿನ ಕಂಡಿ. ಒಂದೇ ಕೋಣೆಯಲ್ಲಿ ಹಲವರ ಮೂಳೆ, ಮಡಕೆ, ಕಬ್ಬಿಣದ ಸಾಮಾನು. ಎಲ್ಲಕ್ಕಿಂತ ಮೇಲೆ ಶಾತವಾಹನರ ಹೊತ್ತಿನ ಪದರ. ಅದರಲ್ಲಿ ಒಳಗಡೆ ಸಾಲಾಗಿ ಚುಕ್ಕಿ ಒತ್ತಿದ ನಯವಾದ ಮಡಕೆ ಚೂರುಗಳು ಸಿಕ್ಕವು. ಅದೇ ತರಹದವು ಪುದುಚೇರಿ ಹತ್ತಿರದ ಅರಿಕಮೇಡುವಿನಲ್ಲಿ, ರೋಮ್ ಜೊತೆ ವ್ಯಾಪಾರವಿದ್ದ ಬಂದರಿನಲ್ಲಿ, ಸಿಕ್ಕಿದ್ದವು. ಅದನ್ನು ಹಿಡಿದೇ ವೀಲರ್ ಇಲ್ಲಿನ ಪದರಗಳಿಗೆ ಕಾಲ ಕಟ್ಟಿದರು.

ಇನ್ನು ಅಶೋಕನ ಶಾಸನ. ಶಾಸನತಜ್ಞ ಬಿ.ಎಲ್. ರೈಸ್ 1892ರಲ್ಲಿ ಇದನ್ನು ಹೊರಜಗತ್ತಿಗೆ ತಿಳಿಸಿದರು. ಊರವರಿಗೆ ಆ ಬಂಡೆ ಮೊದಲಿನಿಂದಲೂ 'ಅಕ್ಷರ ಗುಂಡು'. ಅದರ ಮೇಲೆ ನೀರು ಹೊಯ್ದು, ಆ ನೀರನ್ನು ಔಷಧಿ ಅಂತ ಬಳಸುತ್ತಿದ್ದರಂತೆ. ಈಗ ಮೇಲೊಂದು ಸೂರಿದೆ. ಮೌರ್ಯರ ದಕ್ಷಿಣ ಪ್ರಾಂತ್ಯದ ರಾಜಧಾನಿ ಸುವರ್ಣಗಿರಿಯಿಂದ ಆರ್ಯಪುತ್ರ, ಅಂದರೆ ರಾಜಕುಮಾರ, ಮತ್ತು ಮಹಾಮಾತ್ರರು, ಅಂದರೆ ಹಿರಿಯ ಅಧಿಕಾರಿಗಳು, ಇಸಿಲದ ಮಹಾಮಾತ್ರರ ಆರೋಗ್ಯ ವಿಚಾರಿಸುವುದರಿಂದ ಒಕ್ಕಣೆ ಶುರು. ಆ ಇಸಿಲ ಇದೇ ಜಾಗ. ಹೆತ್ತವರ ಮಾತು ಕೇಳಿ, ಜೀವಿಗಳ ಮೇಲೆ ದಯೆ ಇರಲಿ, ನಿಜ ಹೇಳಿ, ಗುರುವನ್ನು ಗೌರವಿಸಿ ಅಂತ ಹೇಳಿ, 'ಪೋರಾಣಾ ಪಕಿತೀ' ಅನ್ನುತ್ತದೆ. ಇದು ಹಿಂದಿನಿಂದ ಬಂದ ನಡವಳಿಕೆ ಅಂತ. ಅಷ್ಟು ಹಳೆಯ ಊರಿಗೆ ಬಂದ ರಾಜಾಜ್ಞೆಯಲ್ಲಿ ಈ ಮಾತು ಇರುವುದು ನನಗೆ ತುಂಬಾ ಹಿಡಿಸಿತು.

ಕೊನೆಯ ಸಾಲನ್ನು ಬಗ್ಗಿ ನೋಡಿದೆ. ಬರೆದವನ ಹೆಸರು ಚಪಡ. ಶಾಸನವೆಲ್ಲ ಬ್ರಾಹ್ಮಿ ಲಿಪಿಯಲ್ಲಿದ್ದರೂ 'ಲಿಪಿಕಾರ' ಎಂಬ ಒಂದು ಪದವನ್ನು ಮಾತ್ರ ಆತ ಬಲದಿಂದ ಎಡಕ್ಕೆ, ಖರೋಷ್ಠಿಯಲ್ಲಿ ಕೆತ್ತಿದ್ದಾನೆ. ಅದು ಗಾಂಧಾರದ ಕಡೆಯ ಲಿಪಿ. ಎಲ್ಲಿಯ ಗಾಂಧಾರ, ಎಲ್ಲಿಯ ಮೊಳಕಾಲ್ಮುರು, ಅಲ್ವಾ?

ಸಿದ್ದಾಪುರದ ಶಾಸನವೂ ಹತ್ತಿರದಲ್ಲೇ ಇದೆ. ಊರನ್ನು ಜನ 'ಅಶೋಕ ಸಿದ್ದಾಪುರ' ಅಂತಲೇ ಕರೆಯುತ್ತಾರೆ. ಮೂರನೆಯದು ನಾಲ್ಕೈದು ಕಿ.ಮೀ. ದೂರದ ಜಟಿಂಗ ರಾಮೇಶ್ವರ ಬೆಟ್ಟದ ಮೇಲೆ. ರಾವಣನೊಡನೆ ಹೋರಾಡಿ ಜಟಾಯು ಬಿದ್ದದ್ದು ಅಲ್ಲೇ ಎಂಬುದು ಇಲ್ಲಿನ ನಂಬಿಕೆ. ಶಾಸನವಿರುವ ಬಂಡೆಗೆ 'ಬಳೆಗಾರ ಗುಂಡು' ಅಂತ ಹೆಸರು. ಜಾತ್ರೆಯಲ್ಲಿ ಬಳೆಗಾರರು ಅಂಗಡಿ ಹೂಡುತ್ತಿದ್ದ ಜಾಗವಂತೆ. ಅಕ್ಷರ ತುಂಬಾ ಸವೆದಿದೆ, ನಮಗೆ ಒಂದೂ ಸರಿಯಾಗಿ ಕಾಣಲಿಲ್ಲ.

ಹೋಗುವವರು ಚಳಿಗಾಲದಲ್ಲಿ ಹೋಗಿ, ಬಿಸಿಲು ಕಡಿಮೆ. ನೀರು ಜಾಸ್ತಿಯೇ ಇಟ್ಟುಕೊಳ್ಳಿ. ಅಕ್ಷರ ಗುಂಡಿನ ಫೋಟೋ ತೆಗೆದು ಹಾಗೇ ವಾಪಸ್ ಬರಬೇಡಿ. ಆ ಕಲ್ಲಿನ ಕೋಣೆಗಳ ಕಡೆಗೂ, ಹಳ್ಳದ ಕಡೆಗೂ ನಡೆದು ಹೋಗಿ. ದಾರಿ ಗೊತ್ತಾಗದಿದ್ದರೆ ಕುರಿ ಮೇಯಿಸುವವರನ್ನು ಕೇಳಿ, ಹೇಳುತ್ತಾರೆ.