‘ಅವನು ಅಲ್ಲಿದ್ದದ್ದು ನಿಜ, ಕಡಿದವನಲ್ಲ’: ಅಪೀಲು ನಿಲ್ಲುತ್ತದೆಯೇ?

ಕಾಸರಗೋಡಿನ ಕೋರ್ಟು ವರಾಂಡದಲ್ಲಿ ಕೈಯಲ್ಲಿ ಚೀಲ ಹಿಡಿದು ನಿಂತ ತಾಯಂದಿರು ನನ್ನನ್ನು ಮತ್ತೆ ಮತ್ತೆ ಕೇಳುವುದು ಇದನ್ನೇ: “ವಕೀಲರೇ, ನನ್ನ ಮಗ ಕತ್ತಿ ಮುಟ್ಟಿಲ್ಲ, ಅಲ್ಲಿದ್ದನಷ್ಟೇ. ಕಡಿದವನಿಗೂ ಇವನಿಗೂ ಒಂದೇ ಜೀವಾವಧಿಯೇ? ಎರ್ನಾಕುಲದ ಹೈಕೋರ್ಟಿಗೆ ಹೋದರೆ ಬಿಟ್ಟಾರೇ?”

ಕತ್ತಿ ಮುಟ್ಟಿಲ್ಲ ಎಂಬ ಒಂದೇ ಮಾತಿನಿಂದ ಬಿಡುಗಡೆ ಸಿಗುವುದಿಲ್ಲ. ಹಲವರು ಸಮಾನ ಉದ್ದೇಶದಿಂದ ಮಾಡಿದ ಕೃತ್ಯಕ್ಕೆ ಪ್ರತಿಯೊಬ್ಬನೂ ತಾನೊಬ್ಬನೇ ಮಾಡಿದಂತೆ ಹೊಣೆಯೆಂದು ಹಳೆಯ ಭಾರತೀಯ ದಂಡ ಸಂಹಿತೆಯ (ಐಪಿಸಿ) 34ನೇ ಸೆಕ್ಷನ್ ಹೇಳುತ್ತದೆ. 2024ರ ಜುಲೈ 1ರಿಂದ ಅದರ ಜಾಗಕ್ಕೆ ಬಂದ ಭಾರತೀಯ ನ್ಯಾಯ ಸಂಹಿತೆಯ 3(5) ಹೇಳುವುದೂ ಅದನ್ನೇ. ಕೋಲ್ಕತ್ತದ ಶಂಕರಿತೋಲಾ ಪೋಸ್ಟ್ ಮಾಸ್ತರರ ಕೊಲೆಯಲ್ಲಿ ತಾನು ಹೊರಗೆ ಅಂಗಳದಲ್ಲಿ ನಿಂತಿದ್ದೆನೆಂದ ಬರೇಂದ್ರ ಕುಮಾರ ಘೋಷನ ವಾದವನ್ನು 1925ರಲ್ಲಿ, ಬ್ರಿಟಿಷರ ಕಾಲದ ಕೊನೆಯ ಅಪೀಲು ನ್ಯಾಯಾಲಯವಾಗಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲ್ ಒಪ್ಪಲಿಲ್ಲ.

ಆದರೆ ಅದೇ ಪ್ರಿವಿ ಕೌನ್ಸಿಲ್ 1945ರಲ್ಲಿ ಮಹಬೂಬ್ ಶಾನ ಕೊಲೆ ಶಿಕ್ಷೆಯನ್ನು ರದ್ದು ಮಾಡಿತು. ಸಿಂಧೂ ನದಿಯ ದಡದಲ್ಲಿ ಜೊಂಡಿನ ವಿಚಾರಕ್ಕೆ ಜಗಳವಾದಾಗ ಬಂಧುವಿನ ಕೂಗು ಕೇಳಿ ಮಹಬೂಬನೂ ಜೊತೆಗಾರನೊಬ್ಬನೂ ಬಂದೂಕು ಹಿಡಿದು ಓಡಿಬಂದಿದ್ದರು. ಜೊತೆಗಾರನ ಗುಂಡಿಗೆ ಒಬ್ಬ ಸತ್ತ, ಮಹಬೂಬನ ಗುಂಡಿನಿಂದ ಇನ್ನೊಬ್ಬ ಗಾಯಗೊಂಡ. ಬಂಧುವನ್ನು ಬಿಡಿಸುವ ಉದ್ದೇಶ ಇಬ್ಬರಿಗೂ ಇದ್ದಿರಬಹುದು, ಕೊಲ್ಲಬೇಕೆಂದು ಇಬ್ಬರೂ ಕೂಡಿ ನಿಶ್ಚಯಿಸಿದ್ದಕ್ಕೆ ಸಾಕ್ಷ್ಯವಿಲ್ಲ ಎಂಬುದೇ ಆ ತೀರ್ಪಿನ ತಿರುಳು. ಅಂಥ ನಿಶ್ಚಯ ಸ್ಥಳದಲ್ಲೇ, ಕ್ಷಣಮಾತ್ರದಲ್ಲಿ ಮೂಡಬಹುದು; ಆದರೆ ಅದು ಸಾಕ್ಷ್ಯದಿಂದ ಹೊರಡಬೇಕು.

ಆದ್ದರಿಂದ ನಾನು ಮೊದಲು ಕೇಳುವುದು ಕಣ್ಣಾರೆ ಕಂಡ ಸಾಕ್ಷಿಯ ಹೇಳಿಕೆಯನ್ನು. ಸಾಕ್ಷಿ ಸತ್ತವನ ಅಣ್ಣ, ಅದಕ್ಕೇ ಸುಳ್ಳು ಎನ್ನುವ ವಾದದಲ್ಲಿ ನನಗೆ ನಂಬಿಕೆಯಿಲ್ಲ. ನಂಟಸ್ತಿಕೆಯೊಂದೇ ಕಾರಣಕ್ಕೆ ನ್ಯಾಯಾಲಯ ಸಾಕ್ಷಿಯನ್ನು ತಳ್ಳಿಹಾಕುವುದಿಲ್ಲ, ಪೂರ್ತಿ ನಂಬಬಹುದಾದರೆ ಒಬ್ಬನೇ ಸಾಕ್ಷಿಯೂ ಸಾಕು. ಹುಡುಕಬೇಕಾದದ್ದು ನಿಮ್ಮ ಮಗನ ಬಗ್ಗೆ ಅವನು ಏನು, ಯಾವಾಗ ಹೇಳಿದ ಎಂಬುದನ್ನು.

ನಾನು ಓದಿದ ಒಂದು ಹೇಳಿಕೆಯಲ್ಲಿ ಇಡೀ ಪ್ರಕರಣ “ಹಿಡಿದುಕೊಂಡಿದ್ದ” ಎಂಬ ಪದದ ಮೇಲೆ ನಿಂತಿತ್ತು. ಕಡಿಯಲಿ ಎಂದು ಹಿಡಿದನೇ, ಜಗಳ ಬಿಡಿಸಲು ಹಿಡಿದನೇ? ನಮ್ಮ ಗಡಿನಾಡಿನಲ್ಲಿ ಕನ್ನಡದಲ್ಲೋ ತುಳುವಿನಲ್ಲೋ ಆಡಿದ ಮಾತು ಎಷ್ಟೋ ಸಲ ಮಲಯಾಳದಲ್ಲೋ ಇಂಗ್ಲಿಷಿನಲ್ಲೋ ದಾಖಲಾಗುತ್ತದೆ. ಹಾಗೆ ದಾಟುವಾಗ ಎರಡರ್ಥದ ಪದಕ್ಕೆ ಒಂದೇ ಅರ್ಥ ಉಳಿಯುತ್ತದೆ. ಅದಕ್ಕೇ ಮೊದಲ ಮಾಹಿತಿಯನ್ನೂ (ಎಫ್‌ಐಆರ್) ಪೊಲೀಸರ ಮುಂದಿನ ಹೇಳಿಕೆಯನ್ನೂ ಪಕ್ಕಪಕ್ಕ ಇಟ್ಟು ಓದುತ್ತೇನೆ. ಅಲ್ಲೆಲ್ಲೂ ಇಲ್ಲದ ‘ಹಿಡಿದ’ ಎಂಬ ಮಾತು ಕಟಕಟೆಯಲ್ಲಿ ಮೊದಲ ಬಾರಿ ಬಂದಿದ್ದರೆ, ಆ ಲೋಪ ಮಹತ್ವದ್ದಾದಾಗ ಹೇಳಿಕೆಗಳ ನಡುವಿನ ವೈರುಧ್ಯವೇ ಆಗುತ್ತದೆ. ಆದರೆ ಪಾಟೀ ಸವಾಲಿನಲ್ಲಿ ಸಾಕ್ಷಿಗೆ ಅದನ್ನು ತೋರಿಸಿ, ತನಿಖಾಧಿಕಾರಿಯ ಬಾಯಿಂದ ಸಾಬೀತುಪಡಿಸಿರಬೇಕು. ವಿಚಾರಣೆಯಲ್ಲಿ ಅದು ತಪ್ಪಿದ್ದರೆ ಅಪೀಲಿನಲ್ಲಿ ನಮ್ಮ ಕೈ ಕಟ್ಟಿದಂತೆಯೇ. ನನ್ನನ್ನು ಹೆಚ್ಚು ನೋಯಿಸುವುದು ಇದೇ.

ಜೀವಾವಧಿ ಶಿಕ್ಷೆಗೆ ಹೈಕೋರ್ಟಿನಲ್ಲಿ ಅಪೀಲು ಹಾಕಲು 60 ದಿನ. ತೀರ್ಪಿನ ನಕಲು ಪಡೆಯಲು ಬೇಕಾದ ಸಮಯ ಅದರಲ್ಲಿ ಸೇರುವುದಿಲ್ಲ. ತೀರ್ಪಿನ ಪ್ರತಿ ಆರೋಪಿಗೆ ಉಚಿತವಾಗಿ ಸಿಗಬೇಕು. ವಕೀಲರಿಗೆ ಕೊಡಲು ಹಣವಿಲ್ಲದಿದ್ದರೆ ಮಗ ಜೈಲಿನ ಅಧಿಕಾರಿಯ ಮೂಲಕವೇ ಅಪೀಲು ಸಲ್ಲಿಸಬಹುದು, ಕಾನೂನು ಸೇವಾ ಪ್ರಾಧಿಕಾರ ವಕೀಲರನ್ನು ಕೊಡುತ್ತದೆ. ಅಪೀಲಿನ ಜೊತೆಗೇ ಶಿಕ್ಷೆಯನ್ನು ಅಮಾನತಿನಲ್ಲಿಟ್ಟು ಜಾಮೀನು ಕೊಡುವಂತೆಯೂ ಅರ್ಜಿ ಹಾಕಿ. ಮುಂದಿನ ಭೇಟಿಯ ದಿನ ತೀರ್ಪಿನ ಪ್ರತಿ ಅವನ ಕೈ ಸೇರಿದೆಯೇ ಎಂದು ಮೊದಲು ಕೇಳಿ.