ಅಜ್ಜನ ದನಿಕುಟಿಗರು

ಹೋದ ವಾರ ಅಟ್ಟದ ಡಬ್ಬಿಯಿಂದ ಒಂದು ಕ್ಯಾಸೆಟ್ ತೆಗೆದೆ. ಅಜ್ಜ ತೀರಿಕೊಳ್ಳುವ ಹಿಂದಿನ ವರ್ಷ ಮಾಡಿದ ರೆಕಾರ್ಡಿಂಗ್. ಸಾಗರದ ಮಳೆಗಾಲ ಗೊತ್ತಲ್ಲ, ಚಪ್ಪಲಿಗೂ ಬೂಸಲು ಬರುವ ಊರು. ಟೇಪಿನ ತುಂಬ ಬಿಳಿ ಪುಡಿ. ಹತ್ತಿಯಲ್ಲಿ ಮೆಲ್ಲಗೆ ಒರೆಸಿ, ದೇವರ ಮೇಲೆ ಭಾರ ಹಾಕಿ ಪ್ಲೇ ಒತ್ತಿದೆ. "ಅಪ್ಪಿ, ಆಗೆಲ್ಲ ದನಿ..." ಅಷ್ಟೇ. ಟೇಪು ರೋಲರಿಗೆ ಸುತ್ತಿಕೊಂಡು ಸಿಗಿದು ಹೋಯ್ತು. ಇಪ್ಪತ್ತು ವರ್ಷದಿಂದ ಮೈಕ್‌ಸೆಟ್ ಬಾಡಿಗೆಗೆ ಕೊಡುವವನು ನಾನು. ಊರವರ ಮದುವೆಯೆಲ್ಲ ನನ್ನ ಹತ್ತಿರ ರೆಕಾರ್ಡ್ ಆಗಿ ಭದ್ರವಾಗಿದೆ. ಅಜ್ಜನದು ಮಾತ್ರ ಹೋಯ್ತು.

ಆ ವಾಕ್ಯದ ಮುಂದಿನ ಭಾಗ ನನಗೆ ಬಾಯಿಪಾಠ. "ಆಗೆಲ್ಲ ದನಿಕುಟಿಗರು ಅಂತ ಇದ್ರು ಕಣೋ. ಮಾತಾಡಿದ್ದನ್ನ ಹಾಗೇ ಕಲ್ಲಿಗೆ ಇಳಿಸ್ತಿದ್ರು. ಒಂದು ಕುಣಿ ಅಂದ್ರೆ ಒಂದು ಅಕ್ಷರ."

ಪೂರ್ತಿ ಸುಳ್ಳು. ಆದರೆ ಅಜ್ಜ ಸುಳ್ಳನ್ನೂ ಅಚ್ಚುಕಟ್ಟಾಗಿ ಹೇಳುವ ಮನುಷ್ಯ. ದನಿಕುಟಿಗ ಕೆಲಸ ಶುರು ಮಾಡುವ ಹಿಂದಿನ ದಿನದಿಂದ ಮಾತು ಬಿಡಬೇಕಂತೆ, ಇಲ್ಲದಿದ್ದರೆ ಅವನ ಸ್ವಂತ ದನಿಯೂ ಕಲ್ಲಿಗೆ ಸೇರಿಬಿಡುತ್ತೆ. ಕಾಯಿಸಿದ ಉಳಿಯನ್ನು ಹುಳಿಮಜ್ಜಿಗೆಯಲ್ಲಿ ಅದ್ದಬೇಕು. ಬರೀ ನೀರಲ್ಲಿ ಅದ್ದಿದರೆ ದನಿ ಬಿರುಕು ಬಿಡುತ್ತೆ. ಆಷಾಢದಲ್ಲಂತೂ ಕೊರೆಯಲೇಬಾರದು, ದನಿಗೆ ಶೀತ ಆಗುತ್ತೆ!

ಸಾಕ್ಷಿಗೆ ನಮ್ಮ ತೋಟದ ಧರೆಯ ಹತ್ತಿರ ಒಂದು ಬಂಡೆ ಇತ್ತು, ಈಗಲೂ ಇದೆ. ಅದರ ನೆತ್ತಿಯ ಮೇಲೆ ನೂಲು ಹಿಡಿದಂತೆ ಒಂದೇ ಸಾಲಿನಲ್ಲಿ ಚೌಕ ಕುಣಿಗಳು. ನಾನು ಕೋಲು ಹಿಡಿದು ಆ ಸಾಲಿನ ಮೇಲೆ ಎಳೆಯುತ್ತಾ ಓಡುತ್ತಿದ್ದೆ. ಟರ್‌ರ್ ಅನ್ನೋದು. "ಏನು ಹೇಳ್ತು ಅಜ್ಜ?" ಅಂದರೆ ಒಂದು ದಿನ "ಊಟಕ್ಕೆ ಬಾ ಅಂತು" ಅನ್ನೋರು, ಇನ್ನೊಂದು ದಿನ "ತೋಟಕ್ಕೆ ದನ ಬಿತ್ತು, ಓಡು" ಅನ್ನೋರು. ಮನೆಯಲ್ಲಿ ಆ ಹೊತ್ತಿಗೆ ಏನು ಕೆಲಸ ಇರುತ್ತೋ ಕಲ್ಲು ಅದನ್ನೇ ಹೇಳುತ್ತಿತ್ತು ಅನ್ನೋದು ಹೊಳೆಯಲು ನನಗೆ ಹತ್ತು ವರ್ಷ ಬೇಕಾಯ್ತು.

ಆ ಕುಣಿಗಳು ಏನು ಅಂತಲೂ ಆಮೇಲೆ ತಿಳಿಯಿತು. ಬಂಡೆ ಸೀಳುವವರು ಬೆಣೆ ಬಡಿಯಲು ತೋಡಿದ ಗುಳಿಗಳು. ಸಾಲಾಗಿ ಬೆಣೆ ಬಡಿದರೆ ಕಲ್ಲು ಆ ಗೆರೆಗೇ ಬಾಯಿ ಬಿಡುತ್ತೆ. ಈ ಬಂಡೆ ಯಾಕೋ ಅರ್ಧಕ್ಕೇ ಉಳಿದಿದೆ.

ಆದರೂ ಕ್ಯಾಸೆಟ್ ಹೋದ ರಾತ್ರಿ ನಿದ್ದೆ ಬರಲಿಲ್ಲ, ಸುಮ್ನೆ ಲೆಕ್ಕ ಹಾಕುತ್ತಾ ಮಲಗಿದ್ದೆ. ಕುಣಿ 23. ಒಂದರಿಂದ ಇನ್ನೊಂದಕ್ಕೆ ಸುಮಾರು 8 ಸೆಂಟಿಮೀಟರ್. ಹುಡುಗನ ಓಟ ಸೆಕೆಂಡಿಗೆ 4 ಮೀಟರ್ ಅಂತಿಟ್ಟುಕೊಳ್ಳಿ. ಅಂದರೆ ಸೆಕೆಂಡಿಗೆ 50 ಪೆಟ್ಟು. 50 ಹರ್ಟ್ಸ್! ಎದ್ದು ಕೂತೆ. ಅದು ನನ್ನ ಹಳೆಯ ಶತ್ರು. ನಮ್ಮ ಕರೆಂಟು 50 ಹರ್ಟ್ಸ್, ಅರ್ಥಿಂಗ್ ಸರಿ ಇಲ್ಲದಿದ್ದರೆ ಸ್ಪೀಕರಿನಲ್ಲಿ ಗುಂಯ್ ಅನ್ನುವ ದನಿ ಅದರದ್ದೇ. ಅಂದರೆ ನಮ್ಮ ಬಂಡೆಯಲ್ಲಿ ಇರುವುದು ಹೆಚ್ಚುಕಡಿಮೆ ಅರ್ಧ ಸೆಕೆಂಡಿನ ಗುಂಯ್. "ಊಟಕ್ಕೆ" ಅನ್ನಲೂ ಸಾಲದು. ಗಂಡಸಿನ ಮಾತಿನ ದನಿಯೇ ಸೆಕೆಂಡಿಗೆ ನೂರು ಸಲವೋ ಜಾಸ್ತಿಯೋ ಅದುರುತ್ತೆ. ಒಂದು ಕುಣಿಗೆ ಒಂದು ಅಕ್ಷರ ಅಂದ ಅಜ್ಜನ ಲೆಕ್ಕ ಎಲ್ಲೋ ಹೋಯ್ತು.

ಮೂಲ ಐಡಿಯಾ ಮಾತ್ರ ತಪ್ಪಲ್ಲ, ನೋಡಿ. ಜಪಾನಿನ ಹೊಕ್ಕೈಡೋದಲ್ಲಿ ರಸ್ತೆಗೆ ಅಡ್ಡ ಗೀರು ಕೊರೆದಿದ್ದಾರೆ. ಹೇಳಿದ ವೇಗದಲ್ಲಿ ಕಾರು ಓಡಿಸಿದರೆ ರಸ್ತೆ ಹಾಡುತ್ತೆ. ಗೀರು ಹತ್ತಿರ ಇದ್ದರೆ ಏರುದನಿ, ದೂರ ಇದ್ದರೆ ಇಳಿದನಿ. ಹಂಪಿಯ ವಿಠ್ಠಲ ಗುಡಿಯ ಕಂಬಗಳ ಸಂಗತಿ ಬೇರೆ. ಅಲ್ಲಿ ನಾದ ಬರುವುದು ಈಗ ಬಡಿದವನ ಪೆಟ್ಟಿಗೆ. ಹಳೆಯ ಯಾರದೋ ದನಿ ಅದರೊಳಗೆ ಕೂತಿಲ್ಲ.

ಹಳಬನೊಬ್ಬ ಕಲ್ಲಲ್ಲಿ ಕೂತಿರುವುದು ನಮ್ಮ ಜಿಲ್ಲೆಯಲ್ಲೇ, ಶಿಕಾರಿಪುರ ತಾಲೂಕಿನ ತಾಳಗುಂದದಲ್ಲಿ. ಪ್ರಣವೇಶ್ವರ ಗುಡಿಯ ಮುಂದಿನ ಕಂಬ, ಕದಂಬರ ಶಾಂತಿವರ್ಮನ ಕಾಲದ್ದು, 5ನೇ ಶತಮಾನ. ಕುಬ್ಜ ಅನ್ನುವ ಕವಿಯ 34 ಸಂಸ್ಕೃತ ಪದ್ಯಗಳು. ಸಾಲುಗಳು ಬುಡದಿಂದ ಮೇಲಕ್ಕೆ ಹತ್ತುತ್ತವೆ, ವೀಳ್ಯದೆಲೆ ಬಳ್ಳಿ ಅಡಿಕೆ ಮರ ಹತ್ತಿದ ಹಾಗೆ. ಕಲ್ಲಿನ ಮೇಲೆ ತಾನೇ ಬರೆದೆ ಅಂತ ಕೊನೆಯಲ್ಲಿ ಹೇಳಿಕೊಂಡಿದ್ದಾನೆ. ಛಂದಸ್ಸು ಇರುವುದರಿಂದ ಎಲ್ಲಿ ಎಳೆಯಬೇಕು, ಎಲ್ಲಿ ತುಂಡು ಮಾಡಬೇಕು ಅನ್ನುವುದು ಓದು ಬಲ್ಲವರಿಗೆ ಇವತ್ತಿಗೂ ಸಿಗುತ್ತೆ. ತಾಳ ಉಳಿದಿದೆ. ಗಂಟಲು ಉಳಿದಿಲ್ಲ. ನನಗೆ ಬೇಕಾಗಿದ್ದು ಗಂಟಲೇ. ಅಜ್ಜ "ಅಪ್ಪಿ" ಅನ್ನುವಾಗ ಎರಡನೇ ಅಕ್ಷರದ ಮೇಲೆ ಸಣ್ಣ ಕೆಮ್ಮು ಬರುತ್ತಿತ್ತು, ಅದು.

ಭಾನುವಾರ ಮಗಳನ್ನು ಕರೆದುಕೊಂಡು ಬಂಡೆಯ ಹತ್ತಿರ ಹೋದೆ. ಒಳ್ಳೆ ಮೈಕು, ರೆಕಾರ್ಡರು ಎರಡೂ ಹಿಡಿದುಕೊಂಡೇ ಹೋಗಿದ್ದೆ, ನಗಬೇಡಿ. ಕುಣಿಗಳಲ್ಲಿ ಮಳೆನೀರು, ಒಂದರಲ್ಲಿ ಕಪ್ಪೆಮರಿ. ಅವಳು ಕೋಲು ಎಳೆದು ಓಡಿದಳು. ಪಚಪಚ ಅಂತು, ಜಾರಿ ಬಿದ್ದಳು. ಎದ್ದು ಅಲ್ಲೇ ಕುಕ್ಕರಗಾಲಲ್ಲಿ ಕೂತು, ಸಾಲಿನ ತುದಿಯ ಪಾಚಿಯನ್ನು ಕಡ್ಡಿಯಿಂದ ಕೆದಕತೊಡಗಿದಳು.

"ಅಪ್ಪಾ, 23 ಅಲ್ಲ. ಇಲ್ಲಿ ಇನ್ನೊಂದಿದೆ."