ಕ್ಯಾಮೆರಾ ಮುಂದೆ ಮಂದಿ ಇಷ್ಟು ಆರಾಮಾಗಿ ಹೇಗೆ ಮಾತಾಡ್ತಾರೆ?

ನನ್ನ ಸಾಕ್ಷ್ಯಚಿತ್ರವನ್ನು ಬೀದರಿನಲ್ಲಿ ಎಲ್ಲಿ ತೋರಿಸಿದರೂ ಯಾರಾದರೊಬ್ಬರು ಈ ಪ್ರಶ್ನೆ ಕೇಳೇ ಕೇಳುತ್ತಾರೆ. "ಕ್ಯಾಮೆರಾ ಮುಂದ ಈ ಮಂದಿ ಇಷ್ಟು ಆರಾಮ ಹ್ಯಾಂಗ ಮಾತಾಡ್ತಾರ್ರೀ? ನೀವೇ ಹೇಳಿಕೊಡ್ತೀರೇನು?"

ಇಲ್ಲ. ಒಂದು ಮಾತನ್ನೂ ಹೇಳಿಕೊಡುವುದಿಲ್ಲ. ಅವರು ಕೆಲಸ ಮಾಡುವಾಗ ಪಕ್ಕದಲ್ಲಿ ಕೂರುತ್ತೇನೆ.

ಬಿದ್ರಿ ಕೆಲಸದ ಚಿತ್ರವನ್ನೇ ತಗೊಳ್ಳಿ, ಅಂದರೆ ಲೋಹದಲ್ಲಿ ಗೆರೆ ಕೆತ್ತಿ ಬೆಳ್ಳಿ ಕೂರಿಸುವ ನಮ್ಮ ಬೀದರಿನ ಕಲೆ. ಬಿದ್ರಿ ಎಂದರೆ ನೋಡುವವರಿಗೆ ಬೇಕಾಗುವುದು ಕೊನೆಯ ಗಳಿಗೆ. ಸತು ಮತ್ತು ತಾಮ್ರದ ಹೂಜಿಯನ್ನು ಬಿಸಿ ಮಾಡಿ, ಬೀದರ್ ಕೋಟೆಯ ಮಣ್ಣಿಗೆ ನವಸಾಗರ ಎಂಬ ಲವಣ ಕಲಸಿ ಹಚ್ಚುತ್ತಾರೆ. ಲೋಹ ಕಪ್ಪಾಗುತ್ತದೆ, ಬೆಳ್ಳಿ ಹಾಗೇ ಹೊಳೆಯುತ್ತದೆ. ಚಂದವೇ, ಅಲ್ವಾ? 2006ರಲ್ಲಿ ಬಿದ್ರಿಗೆ ಜಿಐ, ಅಂದರೆ ಊರಿನ ಹೆಸರಿಗೆ ಕಾನೂನಿನ ರಕ್ಷಣೆ ಕೊಡುವ ಭೌಗೋಳಿಕ ಗುರುತಿನ ಮಾನ್ಯತೆ ಸಿಕ್ಕಿತು. 2023ರಲ್ಲಿ ಬಿದ್ರಿ ಕಲಾವಿದ ಶಾ ರಶೀದ್ ಅಹ್ಮದ್ ಖಾದ್ರಿ ಅವರಿಗೆ ಪದ್ಮಶ್ರೀ ಬಂದಾಗ ನಮಗೆಲ್ಲ ಹೆಮ್ಮೆಯಾಯಿತು. ಆದರೆ ಒಂದು ಹೂಜಿ ಎಷ್ಟೋ ಕೈ ದಾಟಿ ಬರುತ್ತದೆ. ಎರಕ ಹೊಯ್ಯುವವರು, ಅರ ಹಿಡಿದು ಉಜ್ಜುವವರು, ಉಳಿ ಹಿಡಿದು ಕೆತ್ತುವವರು, ಬೆಳ್ಳಿ ಕೂರಿಸುವವರು. ನನಗೆ ಬೇಕಾಗಿದ್ದು ದಿನವಿಡೀ ಅರ ಹಿಡಿದು ಕೂರುವ ಚಾಚಾ.

ಮೊದಲ ವಾರ ಕ್ಯಾಮೆರಾ ಚೀಲದಲ್ಲೇ ಇತ್ತು. ಚಹಾ ಕುಡಿದೆ, ನೋಡಿದೆ. ಉಜ್ಜಿ ನುಣುಪು ಮಾಡಿದ ಮೇಲೆ ಮೈಲುತುತ್ತದ ನೀರು ಸವರುತ್ತಾರೆ. ಆಗ ಲೋಹ ಸ್ವಲ್ಪ ಹೊತ್ತು ಕಪ್ಪಾಗಿ, ಮೇಲೆ ಗೀಚಿದ ಗೆರೆ ಬೆಳ್ಳಗೆ ಕಾಣುತ್ತದೆ. ಇಂಥದ್ದನ್ನು ಕೂತು ಕಲಿತೆ. ಕೆಲಸದ ಮೇಲೆ ನಿಜವಾದ ಆಸೆ ಇರುವವರ ಹತ್ತಿರ ಮಂದಿ ತಾವೇ ಮಾತು ತೆಗೆಯುತ್ತಾರೆ.

ಆಮೇಲೂ ಕೆಲಸ ನಿಲ್ಲಿಸಿ ಅಂತ ನಾನು ಹೇಳುವುದಿಲ್ಲ. ಕುರ್ಚಿ ಮೇಲೆ ಕೂರಿಸಿ ಅಂಗಿಗೆ ಮೈಕ್ ಸಿಕ್ಕಿಸಿದರೆ ಮಾತು ಭಾಷಣವಾಗುತ್ತದೆ. ಕೈ ಓಡುತ್ತಿದ್ದರೆ ಮಗಳ ಮದುವೆ, ಮಂಡಿನೋವು, ತೀರಿಹೋದ ಉಸ್ತಾದ್, ಎಲ್ಲ ಬರುತ್ತದೆ. ಸುತ್ತಿಗೆಯ ಸದ್ದಿನಲ್ಲಿ ಅರ್ಧ ಮಾತು ಮುಳುಗುತ್ತದೆ. ಮುಳುಗಲಿ. ಮೇ ತಿಂಗಳ ಬಿಸಿಲಲ್ಲಿ ನನ್ನ ಧ್ವನಿಮುದ್ರಣಕ್ಕೋಸ್ಕರ ಫ್ಯಾನ್ ಆರಿಸಿ ಅಂತ ಕೇಳಲು ನನಗೆ ಬಾಯಿ ಬರುವುದಿಲ್ಲ.

ಇನ್ನೊಂದು ಮಾತಿದೆ, ನನಗೆ ಇದೇ ಮುಖ್ಯ. ಚಿತ್ರವನ್ನು ಮೊದಲು ನೋಡುವವರು ಅದರಲ್ಲಿ ಇರುವವರೇ. ಚಾಚಾ ಮನೆಯಲ್ಲಿ ಲ್ಯಾಪ್‌ಟಾಪ್ ಇಟ್ಟು ಪೂರ್ತಿ ತೋರಿಸಿದೆ. ಒಂದು ಕಡೆ ಅವರು ತಮ್ಮ ಸಾಲದ ಬಗ್ಗೆ ಹೇಳಿದ್ದರು. ಇಡೀ ಚಿತ್ರದಲ್ಲಿ ಅಷ್ಟು ನೇರವಾದ ಮಾತು ಬೇರೆ ಇರಲಿಲ್ಲ. ಅದು ಬಂದಾಗ ಅವರು ನೆಲ ನೋಡಿದರು. "ಬೇಟಾ, ಇದೊಂದು ತಗದ್ಬಿಡು. ಮಗಳ ಅತ್ತಿ ಮನಿಯವರು ನೋಡ್ತಾರ."

ಅಲ್ಲೇ ಅವರ ಮುಂದೆ ತೆಗೆದೆ. ಎಲ್ಲೂ ಉಳಿಸಿಟ್ಟುಕೊಳ್ಳಲಿಲ್ಲ. ಚಿತ್ರಕ್ಕೆ ನಷ್ಟವಾಯಿತು, ನಿಜ.

ಎರಡು ದಿನ ಬಿಟ್ಟು ಚಾಚಾ ತಾವೇ ಫೋನ್ ಮಾಡಿದರು. "ನಾಳಿ ಎರಕ ಹೊಯ್ಯೋದದ. ಮುಂಜಾನಿ ಲಗೂ ಬಾ. ಕ್ಯಾಮೆರಾ ತಗೊಂಡು ಬಾ."